ಸತ್ತವರನ್ನು ಲೆಕ್ಕಕ್ಕೆ ಹಿಡಿಯದ ಚಿಕಿತ್ಸೆ

ಜಾರ್ಜ್ ಆರ್. ಆರ್. ಮಾರ್ಟಿನ್ ಅವರ ‘ಎ ಸಾಂಗ್ ಆಫ್ ಐಸ್ ಅಂಡ್ ಫೈರ್’ ಕಾದಂಬರಿ ಮಾಲೆಯಲ್ಲಿ ರೂಸ್ ಬೋಲ್ಟನ್ ಎಂಬ ಪಾಳೆಯಗಾರನಿದ್ದಾನೆ. ‘ಗೇಮ್ ಆಫ್ ಥ್ರೋನ್ಸ್’ ಧಾರಾವಾಹಿ ನೋಡಿದವರಿಗೂ ಅವನ ಪರಿಚಯ ಇರುತ್ತದೆ. ಕಾದಂಬರಿಯಲ್ಲಿ ಅವನು ಆಗಾಗ ಮೈಮೇಲೆ ಜಿಗಣೆ ಬಿಡಿಸಿಕೊಳ್ಳುತ್ತಾನೆ. ಕೆಟ್ಟ ರಕ್ತ ಹೊರಗೆ ಹೋದರೆ ಆಯುಸ್ಸು ಹೆಚ್ಚುತ್ತದೆ ಎಂಬುದು ಅವನ ನಂಬಿಕೆ. ಡ್ರ್ಯಾಗನ್‌ಗಳು ಹಾರಾಡುವ ಲೋಕದಲ್ಲಿ ಇದೂ ಒಂದು ಕಲ್ಪನೆ ಎಂದುಕೊಂಡು ನಾವು ಪುಟ ತಿರುಗಿಸುತ್ತೇವೆ. ಆದರೆ ಇದನ್ನು ಮಾರ್ಟಿನ್ ಕಲ್ಪಿಸಿಕೊಳ್ಳಬೇಕಾಗಿಯೇ ಇರಲಿಲ್ಲ. ಯುರೋಪಿನಲ್ಲಿ ಎರಡು ಸಾವಿರ ವರ್ಷ ಓದಿದ, ಹೆಸರುವಾಸಿ ವೈದ್ಯರು ಮಾಡುತ್ತಿದ್ದುದು ಇದನ್ನೇ. 1833ರ ಒಂದೇ ವರ್ಷದಲ್ಲಿ ಫ್ರಾನ್ಸ್ ದೇಶ ಹೊರಗಿನಿಂದ ತರಿಸಿಕೊಂಡ ಜಿಗಣೆಗಳು 4 ಕೋಟಿಗೂ ಹೆಚ್ಚು.

ಆ ವೈದ್ಯರೆಲ್ಲ ಮೋಸಗಾರರಾಗಿದ್ದರೆ ಈ ಕತೆ ಸುಲಭವಾಗಿ ಮುಗಿಯುತ್ತಿತ್ತು. ವೈದ್ಯ ಬೆಂಜಮಿನ್ ರಶ್ ಅವರನ್ನು ನೋಡಿ. ಅಮೆರಿಕದ ಸ್ವಾತಂತ್ರ್ಯ ಘೋಷಣೆಗೆ ಸಹಿ ಹಾಕಿದವರಲ್ಲಿ ಅವರೂ ಒಬ್ಬರು. 1793ರಲ್ಲಿ ಫಿಲಡೆಲ್ಫಿಯಾದಲ್ಲಿ ಹಳದಿ ಜ್ವರ ಹಬ್ಬಿತು. ಸುಮಾರು 50,000 ಜನರಿದ್ದ ಊರು. ಕೆಲವೇ ತಿಂಗಳಲ್ಲಿ 5,000 ಮಂದಿಯಷ್ಟು ತೀರಿಕೊಂಡರು. ಉಳ್ಳವರು ಊರು ಬಿಟ್ಟರು, ಅವರೊಂದಿಗೆ ಹಲವು ವೈದ್ಯರೂ ಹೊರಟರು. ರಶ್ ಮಾತ್ರ ಕದಲಲಿಲ್ಲ. ಹಗಲು ರಾತ್ರಿ ಎನ್ನದೆ ಬಡವರ ಮನೆ ಮನೆಗೆ ಹೋದರು. ಹೋದಲ್ಲೆಲ್ಲ ಪಾದರಸದಿಂದ ಮಾಡಿದ ಭೇದಿಯ ಮದ್ದು ಕೊಟ್ಟರು, ತೋಳಿನ ರಕ್ತನಾಳ ಕೊಯ್ದು ರಕ್ತ ಹರಿಸಿದರು. ಮನುಷ್ಯನ ಮೈಯಲ್ಲಿ ನಿಜಕ್ಕೂ ಇರುವುದರ ಎರಡು ಪಟ್ಟು ರಕ್ತ ಇದೆ ಎಂಬುದು ಅವರ ಎಣಿಕೆಯಾಗಿತ್ತು. ತಮಗೇ ಜ್ವರ ಬಂದಾಗ ತಮ್ಮ ರಕ್ತವನ್ನೂ ತೆಗೆಸಿಕೊಂಡರು, ಬದುಕಿಕೊಂಡರು. ಅಲ್ಲಿಗೆ ಅವರ ನಂಬಿಕೆ ಇನ್ನಷ್ಟು ಗಟ್ಟಿಯಾಯಿತು.

ಹಳದಿ ಜ್ವರ ಬಂದವರಲ್ಲಿ ಹೆಚ್ಚಿನವರು ತಾವಾಗಿಯೇ ಚೇತರಿಸಿಕೊಳ್ಳುತ್ತಾರೆ. ರಶ್ ಕಣ್ಣಿಗೆ ಬದುಕಿದ ಪ್ರತಿಯೊಬ್ಬರೂ ಚಿಕಿತ್ಸೆಗೆ ಸಾಕ್ಷಿಯಾದರು. ಸತ್ತವರ ವಿಷಯಕ್ಕೆ ಬಂದರೆ ರೋಗ ಬಲಿತಿತ್ತು, ಕರೆತಂದದ್ದು ತಡವಾಯಿತು, ತೆಗೆದ ರಕ್ತ ಸಾಲದಾಯಿತು ಎಂಬ ಉತ್ತರಗಳಿದ್ದವು. ಬದುಕಿದರೂ ಸರಿ, ಸತ್ತರೂ ಸರಿ ಎನ್ನುವಂಥ ಚಿಕಿತ್ಸೆಯನ್ನು ಯಾರಿಂದ ತಾನೇ ತಪ್ಪೆಂದು ತೋರಿಸಲಾಗುತ್ತದೆ? ತೋರಿಸಲು ಹೊರಟವರು ವಿಲಿಯಂ ಕಾಬೆಟ್ ಎಂಬ ಪತ್ರಕರ್ತ. ಊರಿನ ಸಾವಿನ ಪಟ್ಟಿಗಳನ್ನು ಮುಂದಿಟ್ಟುಕೊಂಡು, ರಶ್ ವಿಧಾನ ಹರಡಿದ ಮೇಲೆ ಸಾವು ಏರಿದೆಯೇ ಹೊರತು ಇಳಿದಿಲ್ಲ ಎಂದು ಬರೆದರು. ಬರವಣಿಗೆಯಲ್ಲಿ ಬೈಗುಳವೂ ಧಾರಾಳವಾಗಿತ್ತು. ರಶ್ ಮಾನನಷ್ಟ ಮೊಕದ್ದಮೆ ಹೂಡಿದರು, ಗೆದ್ದರು. ಕಾಬೆಟ್‌ಗೆ ಬಿದ್ದ ದಂಡ 5,000 ಡಾಲರ್. ತೀರ್ಪು ಬಂದದ್ದು 1799ರ ಡಿಸೆಂಬರ್ 14ರಂದು.

ಅದೇ ದಿನ ಮೌಂಟ್ ವರ್ನನ್‌ನ ತಮ್ಮ ಮನೆಯಲ್ಲಿ ಜಾರ್ಜ್ ವಾಷಿಂಗ್ಟನ್ ಸಾಯುತ್ತಿದ್ದರು. ಗಂಟಲು ಊದಿ ಉಸಿರು ಕಟ್ಟುತ್ತಿತ್ತು. ವಯಸ್ಸು 67. ವೈದ್ಯರು ಬರುವ ಮೊದಲೇ, ಅವರೇ ಹೇಳಿ ಮೇಲ್ವಿಚಾರಕನಿಂದ ರಕ್ತ ತೆಗೆಸಿಕೊಂಡರು. ಹೆಚ್ಚು ತೆಗೆಯಬೇಡಿ ಎಂದು ಹೆಂಡತಿ ಮಾರ್ತಾ ಬೇಡಿಕೊಂಡರು. ಆಮೇಲೆ ಬಂದ ವೈದ್ಯರೂ ತೆಗೆದರು. ಬೆಳಗಿನಿಂದ ಸಂಜೆಯೊಳಗೆ ಒಟ್ಟು ಸುಮಾರು 80 ಔನ್ಸ್, ಎಂದರೆ ಎರಡು ಲೀಟರಿಗೂ ಮೀರಿ! ಇಂದು ರಕ್ತದಾನ ಶಿಬಿರದಲ್ಲಿ ಗಟ್ಟಿಮುಟ್ಟಾದ ಯುವಕನಿಂದಲೂ ಒಮ್ಮೆಗೆ ತೆಗೆಯುವುದು 350 ಅಥವಾ 450 ಮಿಲಿಲೀಟರ್. ಮತ್ತೆ ಕೊಡಬೇಕಾದರೆ ಮೂರು ತಿಂಗಳು ಕಾಯಬೇಕು. ಅಲ್ಲಿದ್ದ ಮೂವರು ವೈದ್ಯರಲ್ಲಿ ಕಿರಿಯರಾದ ಎಲಿಷಾ ಡಿಕ್ ಇನ್ನು ರಕ್ತ ತೆಗೆಯುವುದು ಬೇಡ, ಗಂಟಲಿನ ಕೆಳಗೆ ತೂತು ಮಾಡಿ ಉಸಿರಾಟಕ್ಕೆ ದಾರಿ ಮಾಡೋಣ ಎಂದರು. ಹಿರಿಯರು ಒಪ್ಪಲಿಲ್ಲ. ರಾತ್ರಿ ಹತ್ತರ ಹಾಗೆ ವಾಷಿಂಗ್ಟನ್ ಹೋಗಿಬಿಟ್ಟರು. ಗಂಟಲಿನ ಆ ಕಾಯಿಲೆಯೇ ಅವರನ್ನು ಕೊಲ್ಲುತ್ತಿತ್ತೇನೋ. ಆದರೆ ಅದರೊಡನೆ ಹೋರಾಡಬೇಕಿದ್ದ ಶಕ್ತಿಯನ್ನು ಬಸಿದು ತೆಗೆದದ್ದು ಅವರನ್ನು ಉಳಿಸಲೆಂದೇ ಬಂದವರು.

ರಕ್ತ ತೆಗೆಯುವುದರಿಂದ ನಿಜಕ್ಕೂ ಉಪಯೋಗ ಇದೆಯೇ ಎಂಬ ಪ್ರಶ್ನೆಗೆ ಉತ್ತರ ಹುಡುಕಿದ್ದು ಪ್ಯಾರಿಸ್‌ನ ವೈದ್ಯ ಪಿಯೆರ್ ಲೂಯಿ. ನನಗೆ ಈ ಇಡೀ ಇತಿಹಾಸದಲ್ಲಿ ಅತಿ ಹೆಚ್ಚು ಗೌರವ ಇರುವುದು ಅವರ ಮೇಲೆ. ಅವರು ಹೊಸ ಮದ್ದನ್ನೇನೂ ಕಂಡುಹಿಡಿಯಲಿಲ್ಲ; ಕೂತು ಎಣಿಸಿದರು. ನ್ಯುಮೋನಿಯಾ ಆದ 77 ರೋಗಿಗಳನ್ನು ಎರಡು ಪಾಲು ಮಾಡಿ ನೋಡಿದರು. ಮೊದಲ ನಾಲ್ಕು ದಿನದೊಳಗೆ ರಕ್ತ ತೆಗೆಸಿಕೊಂಡ 41 ಮಂದಿಯಲ್ಲಿ 18 ಜನ ಸತ್ತಿದ್ದರು. ತಡವಾಗಿ ತೆಗೆಸಿಕೊಂಡ 36 ಮಂದಿಯಲ್ಲಿ 9 ಜನ. ಇಂದಿನ ಸಂಶೋಧಕರು ಈ ಲೆಕ್ಕದಲ್ಲಿ ನೂರು ಕೊರತೆ ತೋರಿಸಬಹುದು. ಆದರೂ ಇಂಥ ಪ್ರಶ್ನೆಗೆ ಗುರುವಿನ ಮಾತಿನಲ್ಲಲ್ಲ, ಅಂಕಿಗಳಲ್ಲಿ ಉತ್ತರ ಇದೆ ಎಂದು ತೋರಿಸಿಕೊಟ್ಟ ಕೆಲಸ ಅದು. ಹಾಗೆಂದು ಜಗತ್ತು ಕೂಡಲೇ ಬದಲಾಗಲಿಲ್ಲ. 1892ರಲ್ಲಿ ವೈದ್ಯ ವಿಲಿಯಂ ಆಸ್ಲರ್ ಬರೆದ ಪ್ರಸಿದ್ಧ ಪಠ್ಯಪುಸ್ತಕದಲ್ಲೂ ನ್ಯುಮೋನಿಯಾಕ್ಕೆ ರಕ್ತ ತೆಗೆಯುವ ಸಲಹೆ ಇತ್ತು. (ರಕ್ತಕಣಗಳು ಅತಿಯಾಗಿ ಹೆಚ್ಚುವ ಕಾಯಿಲೆಯಲ್ಲಿ ಈಗಲೂ ರಕ್ತ ತೆಗೆಯುತ್ತಾರೆ, ಮರುಜೋಡಿಸಿದ ಬೆರಳಿಗೆ ಜಿಗಣೆ ಬಿಡುತ್ತಾರೆ. ಅಲ್ಲಿ ಅದರಿಂದಾಗುವ ಪ್ರಯೋಜನವನ್ನು ಪರೀಕ್ಷಿಸಿ ನೋಡಿದ್ದಾರೆ.)

ಇದನ್ನೆಲ್ಲ ಇಂದು ಬರೆಯಲು ಕಾರಣ ನಮ್ಮ ನೆಲದ ಒಂದು ಪದ್ಧತಿ. ಹಸುಗೂಸಿನ ಮೈ ಹಳದಿಯಾದರೆ ಕಾದ ಬಳೆಯಿಂದಲೋ ಕಬ್ಬಿಣದ ಕಡ್ಡಿಯಿಂದಲೋ ಹೊಟ್ಟೆಗೆ ಬರೆ ಹಾಕುವುದು ಕೆಲವು ಕಡೆ ಇನ್ನೂ ನಿಂತಿಲ್ಲ. ಹಾಕಿಸುವವರು ಕೇಡಿಗರಲ್ಲ, ಮೊಮ್ಮಗುವಿಗಾಗಿ ಜೀವ ಬಿಡುವ ಅಜ್ಜಿಯರು. ತುಂಬು ತಿಂಗಳಿಗೆ ಹುಟ್ಟಿದ ಕೂಸುಗಳ ಕಾಮಾಲೆ ಬಹುಪಾಲು ಒಂದೆರಡು ವಾರದಲ್ಲಿ ತಾನಾಗಿಯೇ ಇಳಿಯುತ್ತದೆ. ಕೀರ್ತಿ ಮಾತ್ರ ಬರೆಗೆ ಸಲ್ಲುತ್ತದೆ. ಸುಟ್ಟ ಗಾಯ ಕೀವಾಗಿ ನಂಜೇರಿದ ಕೂಸನ್ನಾಗಲಿ, ಬರೆಯ ಭರವಸೆಯಲ್ಲಿ ದಿನ ಕಳೆದು ಮೆದುಳಿಗೆ ಪೆಟ್ಟು ತಿಂದ ಕೂಸನ್ನಾಗಲಿ ಬರೆ ಹಾಕುವವರು ತಮ್ಮ ಲೆಕ್ಕಕ್ಕೆ ಸೇರಿಸುವುದಿಲ್ಲ. ನಿಮ್ಮ ಮನೆಯ ಅಥವಾ ಪಕ್ಕದ ಮನೆಯ ಕೂಸಿನ ಕಣ್ಣು, ಮೈ ಹಳದಿಯಾಗಿದ್ದರೆ, ಅದರಲ್ಲೂ ಹುಟ್ಟಿದ ಮೊದಲ ದಿನವೇ ಹಾಗಾಗಿದ್ದರೆ ಅಥವಾ ಕೂಸು ಹಾಲು ಬಿಟ್ಟಿದ್ದರೆ, ಅಂದೇ ಆಸ್ಪತ್ರೆಗೆ ಕರೆದುಕೊಂಡು ಹೋಗಿ. ಒಂದು ರಕ್ತಪರೀಕ್ಷೆಯಲ್ಲಿ, ಮೈಯನ್ನು ಹಳದಿಯಾಗಿಸುವ ಬಿಲಿರುಬಿನ್ ಎಷ್ಟಿದೆ ಎಂದು ಗೊತ್ತಾಗುತ್ತದೆ. ಹೆಚ್ಚಿದ್ದರೆ ನೀಲಿ ಬೆಳಕಿನ ಕೆಳಗೆ ಮಲಗಿಸುತ್ತಾರೆ. ಹೆಚ್ಚಿನ ಕೂಸುಗಳಿಗೆ ಅಷ್ಟೇ ಸಾಕಾಗುತ್ತದೆ.