ಜಾಗ ತೋರಿಸಿದವನಿಗೂ ಒಂದು ಚೀಟಿ ಕೊಡಿ

ಸಿನಿಮಾ ಎಂದ ಕೂಡಲೇ ತ್ಯಾವಣಿಗೆ ಕಡೆಯ ಹುಡುಗರ ತಲೆಗೆ ಬರೋದು ಇಬ್ಬರೇ. ಒಬ್ಬ ಹೀರೋ, ಇನ್ನೊಬ್ಬ ಡೈರೆಕ್ಟರು. ಹೀರೋ ಬಂದು ನಿಲ್ಲುವ ಜಾಗ ಹುಡುಕಿದವನು ಯಾರು, ಅಲ್ಲಿ ಗೋಡೆ ಎಬ್ಬಿಸಿ ಬಣ್ಣ ಬಳಿಸಿದವನು ಯಾರು ಅಂತ ಕೇಳುವವರೇ ಇಲ್ಲ.

ಈ ಕೆಲಸ ಎಂಥದ್ದು ಅಂತ ತಿಳಿಯಬೇಕಾದರೆ ಪಕ್ಕದ ಜಿಲ್ಲೆಯ ಆಗುಂಬೆ ನೋಡಿ. ಆರ್.ಕೆ. ನಾರಾಯಣ್ ಅವರ ಮಾಲ್ಗುಡಿ ಭೂಪಟದಲ್ಲಿ ಇಲ್ಲದ ಊರು. ಶಂಕರ್ ನಾಗ್ 1980ರ ದಶಕದಲ್ಲಿ 'ಮಾಲ್ಗುಡಿ ಡೇಸ್' ಧಾರಾವಾಹಿ ತೆಗೆಯಲು ಹೊರಟಾಗ ಆ ಊರನ್ನು ಆಗುಂಬೆಯಲ್ಲಿ ಕಟ್ಟಿಕೊಟ್ಟವರು ಕಲಾ ನಿರ್ದೇಶಕ ಜಾನ್ ದೇವರಾಜ್. ರೈಲಿನ ದೃಶ್ಯಕ್ಕೆ ಹೊಸನಗರ ತಾಲ್ಲೂಕಿನ ಅರಸಾಳು ನಿಲ್ದಾಣ ಸಿಕ್ಕಿತು. ಅದೇ ಹಳೇ ನಿಲ್ದಾಣ 2020ರಲ್ಲಿ ಮಾಲ್ಗುಡಿ ಮ್ಯೂಸಿಯಂ ಆಯಿತು. ಜಾಗ ಆರಿಸಿದ್ದು ಸರಿಯಾಗಿದ್ದರೆ ಊರಿಗೇ ಹೆಸರು ಬರುತ್ತದೆ ಎಂಬುದಕ್ಕೆ ಬೇರೆ ಸಾಕ್ಷಿ ಬೇಡ.

ಮೇಲಿನ ಸಾಲಿನವರಿಗೆ ಮನ್ನಣೆ ಇಲ್ಲ ಎನ್ನುವಂತಿಲ್ಲ. 'ಮಧ್ವಾಚಾರ್ಯ' ಚಿತ್ರಕ್ಕೆ ಪಿ. ಕೃಷ್ಣಮೂರ್ತಿ, 'ತಾಯಿ ಸಾಹೇಬ' ಚಿತ್ರಕ್ಕೆ ರಮೇಶ್ ದೇಸಾಯಿ ಕಲಾ ನಿರ್ದೇಶನದ ರಾಷ್ಟ್ರಪ್ರಶಸ್ತಿ ಪಡೆದರು. ನಮ್ಮ ತಕರಾರು ಕೆಳಗಿನ ಸಾಲಿನದು.

ನಮ್ಮ ತಾಲ್ಲೂಕಿನಲ್ಲಿ ತೋರಿಸುವ ಜಾಗಕ್ಕೇನು ಬರವೇ? ಸಂತೇಬೆನ್ನೂರಿನ ಪುಷ್ಕರಣಿ ಇದೆ, ಸೂಳೆಕೆರೆ ಇದೆ, ಭದ್ರಾ ನಾಲೆಯ ಗದ್ದೆ, ಅಡಿಕೆ ತೋಟ ಇವೆ. ಆದರೆ ಪುಷ್ಕರಣಿ ಕೇಂದ್ರ ಪುರಾತತ್ವ ಇಲಾಖೆಯ ಸಂರಕ್ಷಿತ ಸ್ಮಾರಕ. ಅಲ್ಲಿ ಲೈಸೆನ್ಸ್ ಇಲ್ಲದೆ ಕ್ಯಾಮೆರಾ ಇಳಿಸುವ ಹಾಗಿಲ್ಲ. ಹಸಿರು ಗದ್ದೆ ಬೇಕೆಂದರೆ ನಾಲೆಗೆ ನೀರು ಯಾವಾಗ ಬಿಡ್ತಾರೆ, ನಾಟಿ ಯಾವಾಗ, ಕಟಾವು ಯಾವಾಗ ಅಂತ ಗೊತ್ತಿರಬೇಕು. ಒಂದು ತಿಂಗಳು ತಡವಾದರೆ ಹಸಿರು ಹೋಗಿ ಹಳದಿ! ಜನರೇಟರ್ ವ್ಯಾನು ಎಲ್ಲಿ ತಿರುಗುತ್ತೆ, ಬೆಳಗಿನ ಬಿಸಿಲು ಯಾವ ಕಡೆ ಬೀಳುತ್ತೆ, ನೂರು ಜನಕ್ಕೆ ಊಟ ಎಲ್ಲಿ, ಹೆಣ್ಣುಮಕ್ಕಳು ಬಟ್ಟೆ ಬದಲಿಸಲು ಯಾರ ಮನೆ? ಇದೆಲ್ಲಾ ಬೆಂಗಳೂರಿನ ಮ್ಯಾನೇಜರಿಗೆ ಹೇಗೆ ಗೊತ್ತಾಗಬೇಕು ಸ್ವಾಮಿ? ಊರಿನ ಹುಡುಗನೇ ಹೇಳಬೇಕು. ಪಂಚಾಯ್ತಿ, ಪೊಲೀಸ್ ಠಾಣೆ, ತೋಟದ ಯಜಮಾನರು ಅಂತ ಅಲೆಯುವವನೂ ಅವನೇ. ಶೂಟಿಂಗ್ ಮುಗಿದ ಮೇಲೆ ಮುರಿದ ಬೇಲಿಗೆ ಬೈಸಿಕೊಳ್ಳುವವನೂ ಅವನೇ. ಇಂಥವನ ಹೆಸರು ಟೈಟಲ್ ಕಾರ್ಡಿನಲ್ಲಿ ಹುಡುಕಿದರೂ ಸಿಗೋದು ಕಷ್ಟ.

ಇದು ಬರೀ ಹೆಸರಿನ ಆಸೆಯ ಮಾತಲ್ಲ. 2024ರ ಜುಲೈನಲ್ಲಿ ರಾಜ್ಯದ ವಿಧಾನಮಂಡಲ ಸಿನಿಮಾ ಮತ್ತು ಸಾಂಸ್ಕೃತಿಕ ಕಾರ್ಯಕರ್ತರ ಕ್ಷೇಮಾಭಿವೃದ್ಧಿ ವಿಧೇಯಕವನ್ನು ಒಪ್ಪಿತು. ಸಿನಿಮಾ ಟಿಕೆಟ್ ಮೇಲೆ ಶೇಕಡಾ 1ರಿಂದ 2ರವರೆಗೆ ಸೆಸ್ ಹಾಕಿ, ಕೆಲಸಗಾರರಿಗೆ ನಿಧಿ ಮಾಡಬೇಕೆಂಬುದು ಅದರ ಉದ್ದೇಶ. ಒಳ್ಳೇ ಕೆಲಸ. ಆದರೆ ನೆರವು ಬೇಕಾದವನು ತಾನು ಸಿನಿಮಾ ಕೆಲಸಗಾರ ಅಂತ ತೋರಿಸಬೇಕಲ್ಲ? ವೋಚರ್ ಇಲ್ಲ, ಕರಾರು ಇಲ್ಲ, ಕಾರ್ಡಿನಲ್ಲಿ ಹೆಸರಿಲ್ಲ. ಕೈಗೆ ಕೊಟ್ಟ ನೋಟು ಸಂಜೆಗೇ ಖರ್ಚಾಗಿರುತ್ತೆ. ಟಿಕೆಟ್ ಕೊಳ್ಳುವ ತ್ಯಾವಣಿಗೆಯವನು ಸೆಸ್ ಕೊಡಬೇಕು, ದುಡಿದ ತ್ಯಾವಣಿಗೆಯವನಿಗೆ ಮಾತ್ರ ಬಾಗಿಲು ಮುಚ್ಚಿರಬೇಕೆ?

ಉಪಾಯ ದೊಡ್ಡದೇನಲ್ಲ. ಶೂಟಿಂಗಿಗೆ ಅನುಮತಿ ಕೊಡುವಾಗಲೇ ಸ್ಥಳೀಯ ಕೆಲಸಗಾರರ ಹೆಸರು, ದಿನ, ಕೂಲಿ ಬರೆದ ಪಟ್ಟಿಯನ್ನು ಪಂಚಾಯ್ತಿ ಕೇಳಲಿ. ಜಾಗ ಹಾಳಾದರೆ ಸರಿಪಡಿಸಲು ಮುಂಗಡ ಠೇವಣಿ ಕಟ್ಟಿಸಿಕೊಳ್ಳಲಿ. ಸರ್ಕಾರದ ಸಬ್ಸಿಡಿಗೆ ಅರ್ಜಿ ಹಾಕುವ ನಿರ್ಮಾಪಕರಿಂದ ಇದೇ ಪಟ್ಟಿಯನ್ನು ವಾರ್ತಾ ಇಲಾಖೆ ಕಡ್ಡಾಯವಾಗಿ ತರಿಸಿಕೊಳ್ಳಲಿ. ಹುಡುಗರೂ ಅಷ್ಟೇ, ಹೀರೋ ಪಕ್ಕ ನಿಂತು ಫೋಟೋ ತೆಗೆಸಿಕೊಂಡರೆ ಸಾಲದು. ಮಾಡಿದ ಕೆಲಸಕ್ಕೆ ಸಹಿ ಹಾಕಿದ ಒಂದು ಚೀಟಿಯನ್ನೂ ಕೇಳಿ ಪಡೆಯಲಿ.