ಮತವುಂಟು, ಹಾಡಿಲ್ಲ: ಜಾಗತಿಕ ಗೀತಸ್ಪರ್ಧೆ ಮತ್ತು ಭಾರತ

ಯುರೋಪಿನ ರಾಷ್ಟ್ರಗಳು ಪ್ರತಿವರ್ಷವೂ ಕೂಡಿ ನಡೆಸುವ ಯೂರೋವಿಷನ್ ಗೀತಸ್ಪರ್ಧೆಯ ಅಂತಿಮ ಸುತ್ತು ಮೇ ತಿಂಗಳ ಒಂದು ಶನಿವಾರ ಅಲ್ಲಿಯ ರಾತ್ರಿ ಒಂಬತ್ತಕ್ಕೆ ಆರಂಭವಾಗುತ್ತದೆ. ನಮ್ಮ ಗಡಿಯಾರದಲ್ಲಿ ಆಗ ರಾತ್ರಿ ಹನ್ನೆರಡೂವರೆ. ಕೋಥರೂಡದ ಕರ್ವೆ ರಸ್ತೆ, ಪೌಡ ರಸ್ತೆಗಳ ಹೋಟೆಲುಗಳಲ್ಲಿ ಗಲ್ಲೆಯ ಲೆಕ್ಕ ಮುಗಿದು, ಪಾತ್ರೆಗಳನ್ನು ತೊಳೆದಿಟ್ಟು, ಮರುದಿನದ ಹಿಟ್ಟನ್ನು ರುಬ್ಬಿಟ್ಟು, ಕೆಲಸಗಾರರು ಮೈಚಾಚುವ ಹೊತ್ತು ಅದು. ಕೈಯಲ್ಲಿರುವ ಮೊಬೈಲಿನಲ್ಲಿ ಆ ಸ್ಪರ್ಧೆಯ ಹಾಡುಗಳನ್ನು ಕೇಳುವ ತರುಣರು ಈಗ ನಮ್ಮಲ್ಲಿಯೂ ಇದ್ದಾರೆ. ಕೇಳುವುದು ಮಾತ್ರವಲ್ಲ, ೨೦೨೩ರಿಂದ ಅವರು ಮತವನ್ನೂ ಹಾಕಬಹುದಾಗಿದೆ. ಸ್ಪರ್ಧೆಯಲ್ಲಿ ಭಾಗವಹಿಸದ ದೇಶಗಳ ಪ್ರೇಕ್ಷಕರು ಅಂತರ್ಜಾಲದ ಮೂಲಕ, ಹಣ ತೆತ್ತು, ತಮಗೆ ಒಪ್ಪಿದ ಹಾಡಿಗೆ ಮತ ನೀಡಬಹುದೆಂದು ಆ ವರ್ಷ ಕಟ್ಟಳೆಯಾಯಿತು. ಇಂಥ ಎಲ್ಲ ದೇಶಗಳ ಮತಗಳನ್ನು ಒಟ್ಟುಗೂಡಿಸಿ ‘ಉಳಿದ ಜಗತ್ತು’ ಎಂಬ ಹೆಸರಿನಲ್ಲಿ ಒಂದೇ ಒಂದು ದೇಶದ ಮತಕ್ಕೆ ಸಮನಾಗಿ ಎಣಿಸಲಾಗುತ್ತದೆ.

ನೂರಾನಲವತ್ತು ಕೋಟಿ ಜನರ ಭಾರತವು ಈ ‘ಉಳಿದ ಜಗತ್ತಿ’ನ ಒಂದು ಮೂಲೆಯಲ್ಲಿದೆ. ನಮಗೆ ಮತವುಂಟು, ಹಾಡಿಲ್ಲ. ಹಣ ಕೊಡುವ ಹಕ್ಕು ಬಂದಿದೆ, ಕಂಠ ತೋರುವ ಹಕ್ಕು ಬಂದಿಲ್ಲ. ಈ ವಿಚಿತ್ರ ಸ್ಥಿತಿಯನ್ನು ಕುರಿತು ವಿಚಾರ ಮಾಡುವುದು ಕೇವಲ ವಿನೋದದ ಮಾತಲ್ಲ. ಹೊಟ್ಟೆಪಾಡಿಗಾಗಿ ಊರು ಬಿಟ್ಟು ಪರಭಾಷೆಯ ನಗರದಲ್ಲಿ ನೆಲೆಸಿದ ನಮ್ಮಂಥವರಿಗೆ ಈ ಸ್ಪರ್ಧೆಯ ಕಟ್ಟಳೆಗಳಲ್ಲಿ ಕಲಿಯತಕ್ಕ ಪಾಠವೊಂದು ಅಡಗಿದೆ.

ತನ್ನ ಹಾಡಿಗೆ ತಾನು ಮತ ಹಾಕುವಂತಿಲ್ಲ

ಯುರೋಪಿನ ಪ್ರಸಾರ ಒಕ್ಕೂಟವು ೧೯೫೦ರಲ್ಲಿ ಸ್ಥಾಪನೆಯಾಯಿತು. ಮಹಾಯುದ್ಧದ ಗಾಯ ಇನ್ನೂ ಮಾಯದ ಕಾಲವದು. ೧೯೫೬ರ ಮೇ ೨೪ರಂದು ಸ್ವಿಟ್ಜರ್ಲೆಂಡಿನ ಲುಗಾನೊ ಪಟ್ಟಣದಲ್ಲಿ ಮೊದಲ ಗೀತಸ್ಪರ್ಧೆ ನಡೆದಾಗ ಭಾಗವಹಿಸಿದ ದೇಶಗಳು ಏಳು. ಹನ್ನೊಂದು ವರ್ಷಗಳ ಹಿಂದೆ ಒಬ್ಬರ ಮೇಲೊಬ್ಬರು ಬಾಂಬು ಸುರಿಸಿದ್ದ ಜನರು ಅಂದು ಒಬ್ಬರ ಹಾಡನ್ನೊಬ್ಬರು ಕೇಳಲು ಕುಳಿತರು.

ಇಂದಿನ ಕಟ್ಟಳೆಗಳಲ್ಲಿ ಮೂರು ವಿಶೇಷವಾಗಿ ಗಮನಾರ್ಹವಾಗಿವೆ. ಮೊದಲನೆಯದು, ಯಾವ ದೇಶವೂ ತನ್ನ ಹಾಡಿಗೆ ತಾನು ಮತ ಹಾಕುವಂತಿಲ್ಲ. ಎರಡನೆಯದು, ಎಂಟು ಕೋಟಿಗೂ ಮಿಕ್ಕ ಜನರಿರುವ ಜರ್ಮನಿಗೂ, ಕೆಲವೇ ಲಕ್ಷ ಜನರಿರುವ ಮಾಲ್ಟಾ ದ್ವೀಪಕ್ಕೂ ಹಂಚಲು ಸಿಗುವ ಅಂಕಗಳು ಸಮಾನ. ಮೂರನೆಯದು, ಒಬ್ಬನ ಮತವನ್ನು ಅವನು ಹುಟ್ಟಿದ ದೇಶದ ಲೆಕ್ಕದಲ್ಲಿ ಸೇರಿಸುವುದಿಲ್ಲ, ಅವನು ವಾಸಿಸುವ ದೇಶದ ಲೆಕ್ಕದಲ್ಲಿ ಸೇರಿಸುತ್ತಾರೆ. ಈ ಮೂರನೆಯ ಕಟ್ಟಳೆಯಿಂದ ವಲಸೆಗಾರನಿಗೆ ಒಂದು ಅಪೂರ್ವ ಸ್ಥಾನ ಒದಗಿತು. ತಾಯ್ನಾಡಿನಲ್ಲಿ ಉಳಿದವನು ತನ್ನ ಹಾಡಿಗೆ ಮತ ಹಾಕಲಾರ. ಊರು ಬಿಟ್ಟವನು ಹಾಕಬಲ್ಲ!

ತುರ್ಕಿಯ ಪಾಠ

ತುರ್ಕಿ ದೇಶದ ಅನುಭವವು ಇದನ್ನು ಚೆನ್ನಾಗಿ ತೋರಿಸುತ್ತದೆ. ಆ ದೇಶ ೧೯೭೫ರಲ್ಲಿ ಮೊದಲ ಬಾರಿಗೆ ಸ್ಪರ್ಧಿಸಿ ಕೇವಲ ೩ ಅಂಕ ಪಡೆದು ಕಡೆಯ ಸ್ಥಾನದಲ್ಲಿ ನಿಂತಿತು. ೧೯೮೩ ಮತ್ತು ೧೯೮೭ರಲ್ಲಿ ಅದಕ್ಕೆ ದೊರೆತದ್ದು ಶೂನ್ಯ. ಆ ಕಾಲದಲ್ಲಿ ಅಂಕ ಕೊಡುತ್ತಿದ್ದವರು ತೀರ್ಪುಗಾರರ ಮಂಡಲಿಗಳವರು. ೧೯೯೭ರಲ್ಲಿ ಜರ್ಮನಿಯೂ ಸೇರಿ ಐದು ದೇಶಗಳಲ್ಲಿ ದೂರವಾಣಿಯ ಮೂಲಕ ಜನರ ಮತವನ್ನು ಪರೀಕ್ಷಾರ್ಥವಾಗಿ ಕೇಳಲಾಯಿತು. ಆ ವರ್ಷವೇ ತುರ್ಕಿ ಮೂರನೆಯ ಸ್ಥಾನಕ್ಕೇರಿತು. ಹಾಡು ಚೆನ್ನಾಗಿತ್ತೆಂಬುದು ನಿಜ. ಆದರೆ ೧೯೬೧ರ ಒಪ್ಪಂದದ ಮೇರೆಗೆ ಜರ್ಮನಿಯ ಕಾರಖಾನೆಗಳಿಗೆ ದುಡಿಯಲು ಹೋದ ತುರ್ಕಿ ಕಾರ್ಮಿಕರೂ ಅವರ ಮಕ್ಕಳೂ ದೂರವಾಣಿಯನ್ನು ಕೈಗೆತ್ತಿಕೊಂಡದ್ದೂ ಅಷ್ಟೇ ನಿಜ. ಮುಂದಿನ ವರ್ಷಗಳಲ್ಲಿ ಜರ್ಮನಿಯ ಜನಮತವು ಮತ್ತೆ ಮತ್ತೆ ತುರ್ಕಿಯ ಕಡೆಗೆ ಹರಿಯಿತು.

“ನಮ್ಮಲ್ಲಿ ಉಂಡು ಅವರಿಗೆ ಮತ ಹಾಕುತ್ತಾರೆ” ಎಂಬ ಗೊಣಗಾಟ ಎದ್ದುದು ಸಹಜವೇ. ಈ ಮಾತಿನ ಧಾಟಿ ನಮಗೆ ಅಪರಿಚಿತವಲ್ಲ. ಆದರೆ ಅದಕ್ಕೆ ದೊರೆತ ಉತ್ತರ ಮಾತ್ರ ಬಹಳ ಸೊಗಸಾದದ್ದು. ೧೯೯೯ರಲ್ಲಿ ಜೆರೂಸಲೇಮಿನಲ್ಲಿ ನಡೆದ ಸ್ಪರ್ಧೆಗೆ ಜರ್ಮನಿಯ ಪರವಾಗಿ ಹೋದದ್ದು ತುರ್ಕಿ ಮೂಲದ ಗಾಯಕರ ‘ಸುರ್‌ಪ್ರಿಜ್’ ಎಂಬ ತಂಡ. ಅವರ ಹಾಡಿನಲ್ಲಿ ಜರ್ಮನ್ ಇತ್ತು, ತುರ್ಕಿ ಇತ್ತು, ಇಂಗ್ಲಿಷ್ ಮತ್ತು ಹೀಬ್ರೂ ಸಹ ಇದ್ದವು. ಜರ್ಮನಿಗೆ ಮೂರನೆಯ ಸ್ಥಾನ ದೊರೆಯಿತು. ತುರ್ಕಿ ದೇಶವು ತನ್ನ ಅತ್ಯುಚ್ಚವಾದ ೧೨ ಅಂಕಗಳನ್ನು ಅಂದು ಜರ್ಮನಿಗೇ ಕೊಟ್ಟಿತು. ಎರಡು ಮನೆಗಳಿರುವವನು ಎರಡು ಮನೆಗೂ ದ್ರೋಹಿಯೆಂದು ಭಾವಿಸುವವರು ಈ ಪ್ರಸಂಗವನ್ನು ನೆನಪಿಡಬೇಕು. ಅವನು ಎರಡು ಮನೆಗಳ ನಡುವಣ ಬಾಗಿಲಾಗಿಯೂ ಇರಬಲ್ಲನು.

ಕಥೆಯ ಉತ್ತರಾರ್ಧ ಅಷ್ಟು ಹಿತಕರವಲ್ಲ. ೨೦೦೩ರಲ್ಲಿ ರೀಗಾ ನಗರದಲ್ಲಿ ಸೆರ್ತಾಬ್ ಎರೆನೆರ್ ತುರ್ಕಿಗೆ ಪ್ರಥಮ ಸ್ಥಾನ ತಂದುಕೊಟ್ಟಳು, ಆದರೆ ಹಾಡಿದ್ದು ಇಂಗ್ಲಿಷಿನಲ್ಲಿ. ೨೦೦೯ರಿಂದ ತೀರ್ಪುಗಾರರಿಗೆ ಅರ್ಧ ಪಾಲು ಮರಳಿ ಬಂತು. ಹೆಚ್ಚು ಹಣ ಕೊಡುವ ಐದು ದೇಶಗಳಿಗೆ ನೇರವಾಗಿ ಅಂತಿಮ ಸುತ್ತಿಗೆ ಪ್ರವೇಶವೂ ಇದ್ದೇ ಇತ್ತು. ಈ ಎರಡನ್ನೂ ಆಕ್ಷೇಪಿಸಿ ತುರ್ಕಿಯ ಪ್ರಸಾರ ಸಂಸ್ಥೆ ೨೦೧೨ರ ಕೊನೆಯಲ್ಲಿ ಹೊರಬಿತ್ತು. ೨೦೨೫ರ ವರೆಗೂ ಮರಳಲಿಲ್ಲ.

ಆಸ್ಟ್ರೇಲಿಯ ತೋರಿದ ದಾರಿ

ಯುರೋಪಿಗೆ ಸೇರದ ಭಾರತಕ್ಕೆ ಅಲ್ಲಿ ಏನು ಕೆಲಸವೆಂದು ಯಾರಾದರೂ ಕೇಳಬಹುದು. ಆಸ್ಟ್ರೇಲಿಯಕ್ಕೆ ಏನು ಕೆಲಸವಿತ್ತು? ಆ ದೇಶವನ್ನು ೨೦೧೫ರಲ್ಲಿ ಅತಿಥಿಯಾಗಿ ಕರೆದರು. ಐದನೆಯ ಸ್ಥಾನ ಪಡೆದ ಗೈ ಸೆಬಾಸ್ಟಿಯನ್ ಹುಟ್ಟಿದ್ದು ಮಲೇಶಿಯದಲ್ಲಿ. ಮರುವರ್ಷ ಎರಡನೆಯ ಸ್ಥಾನ ಪಡೆದ ಡಾಮಿ ಇಮ್ ಹುಟ್ಟಿದ್ದು ಕೊರಿಯದಲ್ಲಿ. ಹೀಗೆ ಆ ದೇಶಕ್ಕೆ ಗೌರವ ತಂದವರು ವಲಸೆ ಕುಟುಂಬಗಳ ಮಕ್ಕಳು. ಇದು ಕೇವಲ ಆಕಸ್ಮಿಕವೆನ್ನಲಾಗದು. ಸ್ಪರ್ಧೆಯನ್ನು ೧೯೮೩ರಿಂದ ಅಲ್ಲಿ ಬಿತ್ತರಿಸುತ್ತ ಬಂದ ಎಸ್‌ಬಿಎಸ್ ಎಂಬ ಸಂಸ್ಥೆಯು ಹುಟ್ಟಿದ್ದೇ ವಲಸೆಗಾರರಿಗಾಗಿ. ೧೯೭೫ರಲ್ಲಿ ಸಿಡ್ನಿ, ಮೆಲ್ಬರ್ನುಗಳಲ್ಲಿ ಅನ್ಯಭಾಷಿಕರಿಗೆ ಅವರವರ ಭಾಷೆಯಲ್ಲಿ ಸಮಾಚಾರ ತಿಳಿಸಲೆಂದು ಆರಂಭವಾದ ಎರಡು ಚಿಕ್ಕ ರೇಡಿಯೊ ಕೇಂದ್ರಗಳೇ ಅದರ ಮೂಲ. ಹೊರಗಿನಿಂದ ಬಂದವರ ಮಾತನ್ನು ಮೊದಲು ಕೇಳಿದ ಸಂಸ್ಥೆಯೇ ಮುಂದೆ ಅವರ ಹಾಡನ್ನು ಜಗತ್ತಿಗೆ ಕೇಳಿಸಿತು.

ನಮ್ಮ ಮನೆಯ ಸ್ಪರ್ಧೆಗಳು

ಈಗ ನಮ್ಮ ಮನೆಯ ಕಡೆಗೆ ನೋಡೋಣ. ಟೆಲಿವಿಷನ್ನಿನ ಹಾಡಿನ ಸ್ಪರ್ಧೆಗಳಿಗೆ ನಮ್ಮಲ್ಲಿ ಕೊರತೆಯಿಲ್ಲ. ಅವುಗಳಲ್ಲಿ ೨೦೦೭ರ ‘ಇಂಡಿಯನ್ ಐಡಲ್’ ಸ್ಪರ್ಧೆಯು ವಿಶೇಷ ವಿಚಾರಕ್ಕೆ ಯೋಗ್ಯವಾದದ್ದು. ಅಂತಿಮ ಸುತ್ತಿನಲ್ಲಿ ನಿಂತವರು ಇಬ್ಬರು: ಕಲಕತ್ತೆಯ ಪೋಲೀಸ ಪಡೆಯಲ್ಲಿ ದುಡಿಯುತ್ತಿದ್ದ, ಡಾರ್ಜಿಲಿಂಗ್ ಸೀಮೆಯ ಪ್ರಶಾಂತ ತಮಾಂಗ್, ಮತ್ತು ಶಿಲ್ಲಾಂಗಿನ ಬಂಗಾಳಿ ಮನೆತನದ ಅಮಿತ್ ಪಾಲ್. ಡಾರ್ಜಿಲಿಂಗಿನ ಜನರು ಚಂದಾ ಎತ್ತಿ ಮೊಬೈಲು ಸಂದೇಶಗಳನ್ನು ಕಳುಹಿಸಿದರು, ತಮಾಂಗ್ ಗೆದ್ದನು. ಆದರೆ ಗೆಲುವಿನ ಬೆನ್ನಲ್ಲೇ ದಿಲ್ಲಿಯ ಒಂದು ರೇಡಿಯೊ ಕೇಂದ್ರದಲ್ಲಿ ಗೋರ್ಖರನ್ನು ಕುರಿತು ಆಡಿದ ಹಗುರ ಮಾತಿನಿಂದ ಸಿಲಿಗುರಿಯಲ್ಲಿ ಗಲಭೆಯೆದ್ದು ಕರ್ಫ್ಯೂ ವಿಧಿಸಬೇಕಾಯಿತು. ಕಂಠದ ಸ್ಪರ್ಧೆ ಕುಲದ ಸ್ಪರ್ಧೆಯಾಗಿ ಮುಗಿಯಿತು.

ಸೋತವನ ಕಥೆ ಇದಕ್ಕಿಂತ ದೊಡ್ಡದು. ಮೇಘಾಲಯದಲ್ಲಿ ಖಾಸಿ ಜನರಿಗೂ ಹೊರಗಿನಿಂದ ಬಂದು ನೆಲೆಸಿದವರಿಗೂ ಬಹುಕಾಲದ ಮನಸ್ತಾಪವಿತ್ತು. ಅಂಥ ಊರಿನಲ್ಲಿ ಒಬ್ಬ ಬಂಗಾಳಿ ಹುಡುಗನಿಗಾಗಿ ಖಾಸಿ ಜನರು ಮತ ಹಾಕಿದರು, ಬೀದಿಗಿಳಿದು ಜಯಕಾರ ಮಾಡಿದರು. ಅಂದಿನ ಮುಖ್ಯಮಂತ್ರಿ ಡಿ. ಡಿ. ಲಪಾಂಗ್ ಅವರು ಅವನನ್ನು ರಾಜ್ಯದ ಶಾಂತಿ, ಸೌಹಾರ್ದಗಳ ರಾಯಭಾರಿಯೆಂದು ಸಾರಿದರು. ಸರಕಾರದ ಸಭೆ, ಸಮಿತಿಗಳು ಸಾಧಿಸಲಾರದ ಸೌಹಾರ್ದವನ್ನು ಕೆಲವು ವಾರಗಳ ಮಟ್ಟಿಗಾದರೂ ಒಂದು ಕಂಠ ಸಾಧಿಸಿತು. ಎರಡಕ್ಕೂ ಕಾರಣ ಒಂದೇ ಸ್ಪರ್ಧೆ. ತನ್ನವನಿಗೇ ಮತ ಹಾಕುವ ಹಟ ಒಂದು ಕಡೆ ಒಡಕನ್ನು ತಂದರೆ, ತನ್ನವನಲ್ಲದವನಿಗೆ ಮತ ಹಾಕಿದ ಔದಾರ್ಯ ಇನ್ನೊಂದು ಕಡೆ ಕೂಡಿಸಿತು.

ಭಾರತ ಮಾಡಬೇಕಾದುದೇನು?

ಭಾರತವು ಜಾಗತಿಕ ಗೀತಸ್ಪರ್ಧೆಗಳಲ್ಲಿ ಭಾಗವಹಿಸಬೇಕೆಂಬುದೇ ನಮ್ಮ ಅಭಿಪ್ರಾಯ. ಅನುಭವವೇನೂ ಇಲ್ಲವೆಂದಲ್ಲ. ಏಷ್ಯಾ-ಪೆಸಿಫಿಕ್ ಪ್ರಸಾರ ಒಕ್ಕೂಟವು ೨೦೧೨ರಲ್ಲಿ ಸೋಲ್ ನಗರದಲ್ಲಿ ಆರಂಭಿಸಿದ ಗೀತೋತ್ಸವದಲ್ಲಿ ನಮ್ಮ ದೂರದರ್ಶನವೂ ಪಾಲುಗೊಂಡುದುಂಟು. ಆ ಒಕ್ಕೂಟದ ಮಹಾಸಭೆಯು ೨೦೨೨ರಲ್ಲಿ ಹೊಸದಿಲ್ಲಿಯಲ್ಲಿಯೇ ಸೇರಿತ್ತು. ಆದರೆ ಆ ಗೀತೋತ್ಸವದಲ್ಲಿ ಮತವಿಲ್ಲ, ಗೆಲುವಿಲ್ಲ. ಆದಕಾರಣವೇ ಏನೋ, ಸಾಮಾನ್ಯ ಜನರಿಗೆ ಅದರ ಸುದ್ದಿಯೂ ಮುಟ್ಟಲಿಲ್ಲ.

ಮುಖ್ಯ ಪ್ರಶ್ನೆ ಭಾಷೆಯದು. ಸಂವಿಧಾನದ ಎಂಟನೆಯ ಪರಿಶಿಷ್ಟದಲ್ಲಿ ೨೨ ಭಾಷೆಗಳಿರುವ ದೇಶವು ಯಾವ ಭಾಷೆಯಲ್ಲಿ ಹಾಡಬೇಕು? ಸುಲಭದ ಉತ್ತರಗಳು ಎರಡು, ಹಿಂದಿ ಅಥವಾ ಇಂಗ್ಲಿಷ್. ಎರಡೂ ಸೋಮಾರಿತನದ ಉತ್ತರಗಳೇ. ಐರ್ಲೆಂಡ್ ದೇಶವು ಯೂರೋವಿಷನ್ನಿನಲ್ಲಿ ಏಳು ಬಾರಿ ಗೆದ್ದಿತು, ಏಳೂ ಇಂಗ್ಲಿಷಿನಲ್ಲಿ. ತನ್ನ ಐರಿಷ್ ಭಾಷೆಯಲ್ಲಿ ಹಾಡಲು ಅದಕ್ಕೆ ಮನಸ್ಸಾದದ್ದು ೧೯೭೨ರಲ್ಲಿ ಒಂದು ಸಲ ಮಾತ್ರ. ಪೋರ್ತುಗಲ್ ೧೯೬೪ರಲ್ಲಿ ಸ್ಪರ್ಧೆಗೆ ಬಂದು ಅರ್ಧ ಶತಮಾನಕ್ಕೂ ಮಿಕ್ಕಿ ಕಾದು, ೨೦೧೭ರಲ್ಲಿ ತನ್ನ ನುಡಿಯಲ್ಲಿಯೇ ಹಾಡಿ ಗೆದ್ದಿತು. ಗೆಲುವಿನ ಎಣಿಕೆಯಲ್ಲಿ ಐರ್ಲೆಂಡ್ ಮುಂದಿದೆ. ಆದರೆ ತನ್ನದೆನ್ನಬಹುದಾದ ಗೆಲುವು ಯಾರದೆಂಬುದನ್ನು ವಾಚಕರೇ ನಿರ್ಣಯಿಸಲಿ.

ಆದಕಾರಣ ಪ್ರಸಾರ ಭಾರತಿಯು ಮೊದಲು ದೇಶದೊಳಗೇ ಒಂದು ಸ್ಪರ್ಧೆಯನ್ನು ಏರ್ಪಡಿಸಲಿ. ಅದಕ್ಕೆ ಎಲ್ಲ ಭಾಷೆಗಳ ಕೇಂದ್ರಗಳೂ ಇವೆ, ನಮ್ಮ ‘ಚಂದನ’ವೂ ಇದೆ. ಪ್ರತಿ ರಾಜ್ಯವೂ ತನ್ನ ನೆಲದ ನುಡಿಯಲ್ಲಿ ಹಾಡು ಕಳುಹಿಸಲಿ; ತುಳು, ಕೊಡವ, ಕೊಂಕಣಿಗಳಿಗೂ ಎಡೆಯಿರಲಿ. ಚಿಕ್ಕ ರಾಜ್ಯಕ್ಕೂ ದೊಡ್ಡ ರಾಜ್ಯಕ್ಕೂ ಹಂಚುವ ಅಂಕಗಳು ಸಮನಾಗಿರಲಿ. ಎಲ್ಲಕ್ಕಿಂತ ಮುಖ್ಯವಾಗಿ, ತನ್ನ ರಾಜ್ಯದ ಹಾಡಿಗೆ ತಾನು ಮತ ಹಾಕಬಾರದೆಂಬ ಕಟ್ಟಳೆ ಇರಲಿ. ಆಗ ಬೆಂಗಳೂರಿನವನು ತಮಿಳು ಹಾಡನ್ನೂ, ಪುಣೆಯವನು ಕನ್ನಡ ಹಾಡನ್ನೂ ಕಿವಿಗೊಟ್ಟು ಕೇಳಲೇಬೇಕಾಗುತ್ತದೆ. ಮತಕ್ಕೆ ಹಣವನ್ನಂತೂ ಕೇಳಬಾರದು. ತಿಂಗಳ ಸಂಬಳದಲ್ಲಿ ಊರಿನ ಮನೆಗೆ ಕಳುಹಿಸಿ ಉಳಿದುದರಲ್ಲಿ ಬದುಕುವ ಮಾಣಿಯ ಮತಕ್ಕೂ ಧನಿಕನ ಮತಕ್ಕೂ ಒಂದೇ ಬೆಲೆಯಿರಬೇಕು. ಹಣದ ಮತದಿಂದಾಗುವ ಅನರ್ಥವನ್ನು ಯುರೋಪಿನವರೇ ಈಗ ಕಾಣುತ್ತಿದ್ದಾರೆ. ಸರಕಾರಗಳೇ ಜಾಹೀರಾತು ಹೂಡಿ ಮತ ಯಾಚಿಸುತ್ತವೆಂಬ ಆಕ್ಷೇಪ ಬಂದ ಮೇಲೆ, ಒಬ್ಬನು ಹಾಕಬಹುದಾದ ಮತಗಳನ್ನು ೨೦ರಿಂದ ೧೦ಕ್ಕೆ ಇಳಿಸಲು ೨೦೨೫ರ ನವೆಂಬರದಲ್ಲಿ ನಿರ್ಧರಿಸಿದರು. ಇಸ್ರೇಲಿಗೆ ಅವಕಾಶ ಕೊಟ್ಟುದನ್ನು ವಿರೋಧಿಸಿ ಸ್ಪೇನ್, ಐರ್ಲೆಂಡ್, ನೆದರ್ಲೆಂಡ್ಸ್, ಸ್ಲೊವೀನಿಯ, ಐಸ್‌ಲೆಂಡ್ ದೇಶಗಳು ೨೦೨೬ರ ಸ್ಪರ್ಧೆಯಿಂದ ದೂರ ಉಳಿಯುವುದಾಗಿ ಮುಂದಿನ ತಿಂಗಳೇ ಸಾರಿದವು. ಹಾಡಿನ ಅಂಗಳವು ರಾಜಕಾರಣದಿಂದ ಮುಕ್ತವೆಂದು ಯಾರೂ ಭ್ರಮಿಸಬೇಕಾಗಿಲ್ಲ. ಕಟ್ಟಳೆಗಳು ಗಟ್ಟಿಯಾಗಿರಬೇಕಾದುದು ಅದಕ್ಕೆಂತಲೇ.

ಪುಣೆಯ ಕನ್ನಡಿಗನ ಮತ

ಇಂಥ ಸ್ಪರ್ಧೆ ಏರ್ಪಟ್ಟರೆ ಕೋಥರೂಡದಲ್ಲಿರುವ ಕನ್ನಡಿಗನ ಮತ ಮಹಾರಾಷ್ಟ್ರದ ಲೆಕ್ಕದಲ್ಲಿ ಸೇರುತ್ತದೆ. ಅವನು ಮರಾಠಿ ಹಾಡಿಗೆ ಮತ ಹಾಕಲಾರ, ಕನ್ನಡಕ್ಕೆ ಹಾಕಬಲ್ಲ. ಜರ್ಮನಿಯ ತುರ್ಕಿ ಕಾರ್ಮಿಕನ ಸ್ಥಿತಿಯೇ ಅವನದೂ ಆಗುತ್ತದೆ, ಅದೇ ಗೊಣಗಾಟವನ್ನು ಅವನೂ ಕೇಳಬೇಕಾದೀತು. ಇದು ಬರಿಯ ಕಲ್ಪನೆಯಲ್ಲ. ೨೦೨೨ರ ಡಿಸೆಂಬರದಲ್ಲಿ ಗಡಿಯ ತಂಟೆ ಮತ್ತೆ ಹೊತ್ತಿಕೊಂಡಾಗ ಬೆಳಗಾವಿಯ ಬಳಿ ಮಹಾರಾಷ್ಟ್ರದ ವಾಹನಗಳ ಮೇಲೆ ಕಲ್ಲುಗಳು ಬಿದ್ದವು. ಪುಣೆಯಲ್ಲಿ ಕರ್ನಾಟಕದ ಬಸ್ಸುಗಳಿಗೆ ಮಸಿ ಬಳಿಯಲಾಯಿತು. ಕಲ್ಲು ಎಸೆದವನಾಗಲಿ ಮಸಿ ಬಳಿದವನಾಗಲಿ ಮರುದಿನ ಅದರ ಫಲವನ್ನು ಉಣ್ಣಲಿಲ್ಲ. ಉಂಡವರು ಆ ಬಸ್ಸಿನಲ್ಲಿ ಊರಿಗೆ ಹೋಗಬೇಕಾಗಿದ್ದ ಹೋಟೆಲು ಕೆಲಸಗಾರರು, ಕಚೇರಿಯ ಕಾರಕೂನರು, ಅವರ ಹೆಂಡಿರು ಮಕ್ಕಳು.

ಆದರೆ ಇದೇ ಪುಣೆಯು ಬೇರೊಂದು ಮತವನ್ನು ಬಹಳ ಹಿಂದೆಯೇ ಕೊಟ್ಟಿದೆಯೆಂಬುದನ್ನು ಮರೆಯಲಾಗದು. ಕುಂದಗೋಳದ ರಾಮಭಾವು ಮರಾಠಿ ರಂಗಭೂಮಿಯಲ್ಲಿ ಹಾಡಿ ಸವಾಯಿ ಗಂಧರ್ವರೆನಿಸಿಕೊಂಡರು. ಗದಗಿನ ಸೀಮೆಯಲ್ಲಿ ಬೆಳೆದ ಅವರ ಶಿಷ್ಯ ಭೀಮಸೇನ ಜೋಶಿಯವರು ಪುಣೆಯಲ್ಲಿ ನೆಲೆಸಿ, ಗುರುವಿನ ಸ್ಮರಣೆಯ ಸಂಗೀತೋತ್ಸವವನ್ನು ೧೯೫೩ರಿಂದ ಬೆಳೆಸಿದರು. ದಾಸರ ಪದವನ್ನೂ ಸಂತರ ಅಭಂಗವನ್ನೂ ಅವರು ಒಂದೇ ಕಂಠದಿಂದ ಹಾಡಿದರು. ಇವರು ಯಾವ ರಾಜ್ಯದವರೆಂದು ಪುಣೆಯ ರಸಿಕರು ಕೇಳಲಿಲ್ಲ. ೧೯೮೮ರ ಆಗಸ್ಟ್ ೧೫ರಂದು ದೂರದರ್ಶನವು ದೇಶದ ಹಲವು ಭಾಷೆಗಳನ್ನು ಒಂದೇ ಹಾಡಿನಲ್ಲಿ ಕೂಡಿಸಿ ‘ಮಿಲೇ ಸುರ್ ಮೇರಾ ತುಮ್ಹಾರಾ’ ಎಂಬುದನ್ನು ಬಿತ್ತರಿಸಿದಾಗ, ಮೊದಲು ಕೇಳಿಬಂದ ಕಂಠ ಪುಣೆಯ ಈ ಕನ್ನಡಿಗರದೇ. ಅದರಲ್ಲಿ ಮರಾಠಿಗೂ ಕನ್ನಡಕ್ಕೂ ಎಡೆಯಿತ್ತು. ಭಾರತವು ಹೇಗೆ ಹಾಡಬೇಕೆಂಬ ಪ್ರಶ್ನೆಗೆ ಉತ್ತರದ ಆರಂಭ ಅಲ್ಲಿಯೇ ಇದೆ.

ನಮ್ಮ ಬಂಧುಗಳಿಗೆ ಹೇಳತಕ್ಕದ್ದು ಇಷ್ಟೇ. ನಮಗೆ ದೊರೆಯುವ ಮತವನ್ನು ಕನ್ನಡಕ್ಕೆ ಹಾಕುವುದರಲ್ಲಿ ಯಾವ ಅಪರಾಧವೂ ಇಲ್ಲ; ತಾಯ ನುಡಿಗೆ ಕಿವಿ ನಿಮಿರುವುದು ಸ್ವಾಭಾವಿಕ. ಆದರೆ ಅನ್ನ ಕೊಟ್ಟ ಊರಿನ ಹಾಡನ್ನು ಕೇಳದೆ ಅದನ್ನು ಹಾಕಿದರೆ ನಾವು ಸಿಲಿಗುರಿಯ ದಾರಿ ಹಿಡಿದಂತಾಗುತ್ತದೆ. ಕೇಳಿ, ಮೆಚ್ಚಿ, ಆ ಮೇಲೆ ನಮ್ಮದನ್ನು ಹಾಡಿದರೆ ಅದು ಶಿಲ್ಲಾಂಗಿನ ದಾರಿ. ಪುಣೆಯಲ್ಲಿ ಪ್ರತಿದಿನವೂ ಎರಡು ಭಾಷೆಗಳಲ್ಲಿ ಬದುಕುವ ಕನ್ನಡಿಗನಿಗೆ ಯಾವುದು ಸುಲಭವೆಂಬುದನ್ನು ಹೇಳಬೇಕಾಗಿಲ್ಲ. ದಿಲ್ಲಿಯ ಪ್ರಸಾರ ಸಂಸ್ಥೆ ಅದನ್ನು ಅರಿತುಕೊಂಡು ಕಾರ್ಯೋನ್ಮುಖವಾಗುವುದಷ್ಟೇ ಬಾಕಿ.