ಬಿಟ್ಟಿ ಸಿಕ್ಕ ಆಟ

ಕಳೆದ ಬೇಸಗೆ ರಜೆಯಲ್ಲಿ ಹೊಸೂರಿನ ಚಿಕ್ಕಪ್ಪನ ಮನೆಗೆ ಹೋಗಿದ್ದೆ. (ಅಜ್ಜನ ಕಾಲಕ್ಕೆ ಸೇಲಂ ಜಿಲ್ಲೆಯಲ್ಲಿದ್ದ ಆ ಊರು 1965ರಲ್ಲಿ ಧರ್ಮಪುರಿಗೆ ಸೇರಿತು, 2004ರಲ್ಲಿ ಕೃಷ್ಣಗಿರಿಗೆ. ಊರು ಮಾತ್ರ ಇದ್ದಲ್ಲೇ ಇದೆ!) ಕಾರ್ಖಾನೆಗೆ ಹೋಗುವ ಅಣ್ಣ ಕಂತಿನ ಮೇಲೆ ಒಂದು ವರ್ಚುವಲ್ ರಿಯಾಲಿಟಿ ಕನ್ನಡಕ ಕೊಂಡಿದ್ದ. ಕಣ್ಣಿಗೆ ಕಟ್ಟಿಕೊಂಡರೆ ಆಟದೊಳಗೇ ನಿಂತಂತಾಗುತ್ತದೆ.

ದೊಡ್ಡ ಆಟಗಳನ್ನು ಆ ಕನ್ನಡಕದ ಪುಟ್ಟ ಯಂತ್ರ ನಡೆಸಲಾರದು. ಆಟ ನಡೆಯುವುದು ಕಂಪ್ಯೂಟರಿನಲ್ಲಿ. ಅದು ಎರಡು ಕಣ್ಣಿಗೆ ಎರಡು ಚಿತ್ರ ಬರೆದು, ಅದುಮಿ, ವೈಫೈ ಮೂಲಕ ಕಳಿಸುತ್ತದೆ. ನಾವು ತಲೆ ತಿರುಗಿಸಿದ ಸುದ್ದಿಯೂ ಆ ಕ್ಷಣವೇ ಅಲ್ಲಿಗೆ ಮುಟ್ಟಬೇಕು. ತಡವಾದರೆ ತಲೆ ಸುತ್ತುತ್ತದೆ. ಈ ಕೆಲಸಕ್ಕೆ ಹೆಸರಾದ ‘ವರ್ಚುವಲ್ ಡೆಸ್ಕ್‌ಟಾಪ್’ ತಂತ್ರಾಂಶವನ್ನು ಬರೆದವರು ಕೆನಡಾದ ಗೀ ಗೊಡಾನ್. ಅದಕ್ಕೆ ದುಡ್ಡು ಕೊಡಬೇಕು. ಅಣ್ಣನ ಗೆಳೆಯನೊಬ್ಬ ಅದನ್ನೂ ನಾಲ್ಕು ಆಟಗಳನ್ನೂ ಪೆನ್‌ಡ್ರೈವಿನಲ್ಲಿ ಬಿಟ್ಟಿಯಾಗಿ ತಂದುಕೊಟ್ಟ. ಮೊದಲು ವೈರಸ್ ಕಾವಲನ್ನು ಆರಿಸಬೇಕೆಂದು ಅದರಲ್ಲೇ ಬರೆದಿತ್ತಂತೆ. ಕಳ್ಳನನ್ನು ಕರೆದು ನಾಯಿಯನ್ನು ಕಟ್ಟಿಹಾಕಿದ ಹಾಗಾಯಿತು. ಮೂರನೆಯ ದಿನ ಅಣ್ಣನ ಇಮೇಲ್ ಖಾತೆಗೆ ಯಾರೋ ನುಗ್ಗಿದರು.

ಬಡವರ ಮಕ್ಕಳು ಏನು ಮಾಡಬೇಕೆಂದು ಕೇಳುವಿರಿ. ನ್ಯಾಯವಾದ ಪ್ರಶ್ನೆ. ಡಾಲರಿನಲ್ಲಿ ಕಟ್ಟಿದ ಬೆಲೆ ನಮ್ಮವರ ಸಂಬಳಕ್ಕೆ ಹೊಂದುವುದಿಲ್ಲ. ಆದರೆ ‘ಎ.ಎಲ್.ವಿ.ಆರ್.’ ಎಂಬುದು ಅದೇ ಕೆಲಸವನ್ನು ಉಚಿತವಾಗಿ ಮಾಡುತ್ತದೆ. ಅದರ ಮೂಲಬರಹವನ್ನು ಯಾರು ಬೇಕಾದರೂ ಓದಬಹುದು, ತಿದ್ದಬಹುದು. 2023ರಲ್ಲಿ ವಾಲ್ವ್ ಕಂಪನಿಯೂ ‘ಸ್ಟೀಮ್ ಲಿಂಕ್’ ಅನ್ನು ಈ ಕನ್ನಡಕಗಳಿಗೆ ಉಚಿತವಾಗಿ ಕೊಟ್ಟಿತು. ಇಷ್ಟಿದ್ದೂ ಕದಿಯುವವನಿಗೆ ಬಡತನ ಬರೀ ನೆಪ.

ಹಾಗೆಂದು ಕಂಪನಿಯ ಅಂಗಡಿಯ ಹೊರಗಿನಿಂದ ತಂದದ್ದೆಲ್ಲ ಕಳವಲ್ಲ. 2019ರಲ್ಲಿ ಫೇಸ್‌ಬುಕ್ ತನ್ನ ಅಂಗಡಿಯ ವರ್ಚುವಲ್ ಡೆಸ್ಕ್‌ಟಾಪಿನಿಂದ ಈ ಆಟ ಕಳಿಸುವ ಸೌಲಭ್ಯವನ್ನೇ ತೆಗೆಸಿತ್ತು. 2021ರಲ್ಲಿ ಮತ್ತೆ ಒಪ್ಪುವವರೆಗೆ ಕೊಂಡವರು ಅದನ್ನು ಹೊರಗಿನಿಂದ ಜೋಡಿಸಿಕೊಂಡರು. ಅವರು ದುಡ್ಡು ಕೊಟ್ಟವರು.

ಕಾನೂನು ಗಟ್ಟಿಯಾಗಿಯೇ ಇದೆ. 1957ರ ಕೃತಿಸ್ವಾಮ್ಯ ಕಾಯಿದೆಯ 63ಬಿ ಕಲಮಿನಂತೆ, ಗೊತ್ತಿದ್ದೂ ಕಳ್ಳಪ್ರತಿಯನ್ನು ಕಂಪ್ಯೂಟರಿನಲ್ಲಿ ಬಳಸಿದರೆ 7 ದಿನದಿಂದ 3 ವರ್ಷ ಸೆರೆ, ಜೊತೆಗೆ 50,000ದಿಂದ 2 ಲಕ್ಷ ರೂಪಾಯಿ ದಂಡ. ವ್ಯಾಪಾರಕ್ಕಲ್ಲವಾದರೆ ನ್ಯಾಯಾಲಯ ಸೆರೆಯನ್ನು ಬಿಡಬಹುದು. ಸಿನಿಮಾ ಕಳ್ಳಪ್ರತಿಯವರನ್ನು ತಮಿಳುನಾಡು 2004ರಲ್ಲೇ ಗೂಂಡಾ ಕಾಯಿದೆಯೊಳಗೆ ತಂದಿತು. ಆದರೂ ಹೊಸ ಸಿನಿಮಾಗಳು ನಮ್ಮ ಮೊಬೈಲುಗಳಲ್ಲಿ ಓಡಾಡುತ್ತಲೇ ಇವೆ. ಬರೀ ಹೆದರಿಕೆಯಿಂದ ಇದು ನಿಲ್ಲದು. ಹಿರಿಯರು ನಮ್ಮನ್ನು ಗದರಿಸುವುದು ಸರಿಯೇ. ಆದರೆ ಮನೆಯ ಲಗ್ನಪತ್ರಿಕೆ ಅಚ್ಚಾಗುವ ಅಂಗಡಿಯಲ್ಲಿರುವುದು ಕೊಂಡ ತಂತ್ರಾಂಶವೇ ಎಂದು ಅವರಲ್ಲಿ ಯಾರಾದರೂ ಕೇಳಿದ್ದುಂಟೆ?

ಅಣ್ಣ ಈಗ ಎಲ್ಲವನ್ನೂ ಅಳಿಸಿ ಉಚಿತ ತಂತ್ರಾಂಶ ಹಾಕಿಕೊಂಡಿದ್ದಾನೆ. ಮೊದಮೊದಲು ಚಿತ್ರ ತಡವರಿಸುತ್ತಿತ್ತು; ವೈಫೈ ಪೆಟ್ಟಿಗೆಯನ್ನು ತಂತಿಯಿಂದ ಕಂಪ್ಯೂಟರಿಗೆ ಸೇರಿಸಿದ ಮೇಲೆ ಸರಿಯಾಯಿತು. ಇರುವುದು ಒಂದೇ ಆಟ, ರಿಯಾಯಿತಿಯಲ್ಲಿ ಕೊಂಡದ್ದು. ನಾವು ನಾಲ್ವರು ಸರದಿಯಂತೆ ಆಡುತ್ತೇವೆ. ಚಿಕ್ಕಮ್ಮನೂ ಒಮ್ಮೆ ಕಟ್ಟಿಕೊಂಡು ನೋಡಿ, ಗೋಡೆಗೆ ಕೈ ಬಡಿದುಕೊಂಡರು.